ಕಲ್ಪಿತ ಲೋಕದ ಕಾಲಗಣನೆ: ಟೋಲ್ಕೀನರ ‘ಷೈರ್’ ವರ್ಷಮಾನದ ವಿಮರ್ಶೆ

ನಮ್ಮ ಆಲಂಕಾರಿಕರು ಮಹಾಕಾವ್ಯಕ್ಕೆ ವಿಧಿಸಿದ ಹದಿನೆಂಟು ವರ್ಣನೆಗಳಲ್ಲಿ ಋತು, ಸೂರ್ಯೋದಯ, ಚಂದ್ರೋದಯಗಳಿಗೆ ಸ್ಥಾನವುಂಟು. ಕಾಲದ ಸೊಬಗನ್ನು ವರ್ಣಿಸುವುದು ಕವಿಯ ಕರ್ತವ್ಯವೆಂದು ಅವರು ಒಪ್ಪಿದ್ದರು. ಕಾಲವನ್ನು ಎಣಿಸುವುದಾದರೋ ಜೋಯಿಸರ ಕೆಲಸ. ಅದಕ್ಕೆ ಕವಿ ಕೈಹಾಕಬೇಕಾದ ಪ್ರಸಂಗವೇ ಬರಲಿಲ್ಲ. ಕವಿಯ ಪಾತ್ರಗಳು ಬಾಳುವ ಸಂವತ್ಸರಚಕ್ರವೂ ಕೇಳುಗರು ಬಾಳುವ ಸಂವತ್ಸರಚಕ್ರವೂ ಒಂದೇ ಆಗಿದ್ದುವು. ಆದರೆ ಕವಿಯು ಭೂಮಿಯಲ್ಲಿ ಎಲ್ಲಿಯೂ ಇಲ್ಲದ ನಾಡೊಂದನ್ನು ಕಲ್ಪಿಸಿ, ಅಲ್ಲಿಯ ಜನಕ್ಕೆ ಭಾಷೆ, ಲಿಪಿ, ವಂಶಾವಳಿಗಳನ್ನು ಕೊಟ್ಟ ಮೇಲೆ, ಅವರು ದಿನವನ್ನು ಹೇಗೆ ಎಣಿಸುತ್ತಿದ್ದರೆಂಬ ಪ್ರಶ್ನೆಯು ತಾನಾಗಿಯೇ ಏಳುತ್ತದೆ. ಈ ಪ್ರಶ್ನೆಗೆ ಇಪ್ಪತ್ತನೆಯ ಶತಮಾನದ ಸಾಹಿತ್ಯದಲ್ಲಿ ದೊರೆತ ಅತ್ಯಂತ ವಿಸ್ತಾರವಾದ ಉತ್ತರಗಳಲ್ಲೊಂದನ್ನು ಇಲ್ಲಿ ಪರಿಶೀಲಿಸಬೇಕೆಂದಿದ್ದೇವೆ.

ಆಕ್ಸ್‌ಫರ್ಡಿನಲ್ಲಿ ಪ್ರಾಚೀನ ಆಂಗ್ಲಭಾಷೆಯ ಪ್ರಾಧ್ಯಾಪಕರಾಗಿದ್ದ ಜೆ. ಆರ್. ಆರ್. ಟೋಲ್ಕೀನರು (೧೮೯೨–೧೯೭೩) ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಎಂಬ ಕಥಾಗ್ರಂಥವನ್ನು ೧೯೫೪–೫೫ರಲ್ಲಿ ಮೂರು ಸಂಪುಟಗಳಾಗಿ ಪ್ರಕಟಿಸಿದರು. ಹಾಬಿಟ್ ಎಂಬ ಕುಳ್ಳ ಜನಾಂಗದ ಫ್ರೋಡೋ ಎಂಬಾತನು ತನ್ನ ‘ಷೈರ್’ ನಾಡನ್ನು ಬಿಟ್ಟು ಹೊರಟು, ದುಷ್ಟಶಕ್ತಿಯ ಮೂಲವಾದ ಉಂಗುರವು ಬೆಂಕಿಯ ಬೆಟ್ಟದಲ್ಲಿ ನಾಶವಾಗುವಂತೆ ಅದನ್ನು ಅಲ್ಲಿಗೆ ಹೊತ್ತುಕೊಂಡು ಹೋಗುವುದು ಇದರ ಕಥೆ. ೧೯೫೫ರ ಅಕ್ಟೋಬರಿನಲ್ಲಿ ಹೊರಟ ಕಡೆಯ ಸಂಪುಟದ ಕೊನೆಗೆ ಕೆಲವು ಅನುಬಂಧಗಳಿವೆ. ಅವುಗಳಲ್ಲಿ ನಾಲ್ಕನೆಯದು ಸಂಪೂರ್ಣವಾಗಿ ಕಾಲಗಣನೆಗೆ ಮೀಸಲು. ಕಥೆಯನ್ನು ಮೆಚ್ಚಿದವರಲ್ಲಿಯೂ ಅನೇಕರು ಈ ಭಾಗವನ್ನು ಪಂಡಿತನ ವಿರಾಮಕಾಲದ ವಿನೋದವೆಂದು ಬದಿಗಿಡುವುದುಂಟು. ಅದು ಕಾವ್ಯದ ಅಂಗವೋ, ಕಾವ್ಯದ ಹೊರಗೆ ಇಳಿಸಿದ ಸಾಮಾನಿನ ಗಂಟೋ ಎಂಬುದೇ ನಮ್ಮ ವಿಚಾರದ ವಿಷಯ.

ಮೊದಲು ಗಣಿತವನ್ನು ನೋಡೋಣ. ಷೈರಿನ ವರ್ಷದಲ್ಲಿ ೩೬೫ ದಿನಗಳು. ತಿಂಗಳುಗಳು ಹನ್ನೆರಡು, ಪ್ರತಿಯೊಂದಕ್ಕೂ ಸರಿಯಾಗಿ ೩೦ ದಿನ. ಉಳಿಯುವ ಐದು ದಿನಗಳು ಯಾವ ತಿಂಗಳಿಗೂ ಸೇರವು. ಅವುಗಳಲ್ಲಿ ಎರಡಕ್ಕೆ ‘ಯೂಲ್’ ದಿನಗಳೆಂದು ಹೆಸರು. ಒಂದು ವರ್ಷದ ಕೊನೆಯ ದಿನ, ಇನ್ನೊಂದು ಮುಂದಿನ ವರ್ಷದ ಮೊದಲ ದಿನ. ಉಳಿದ ಮೂರು, ನಡುಬೇಸಗೆಯಲ್ಲಿ ಆರನೆಯ ಮತ್ತು ಏಳನೆಯ ತಿಂಗಳ ಮಧ್ಯೆ ಬರುವ ‘ಲಿಥ್’ ದಿನಗಳು. ಇವುಗಳ ನಡುವಿನದೇ ವರ್ಷಮಧ್ಯದ ದಿನ. ನಾಲ್ಕು ವರ್ಷಕ್ಕೊಮ್ಮೆ ಈ ವರ್ಷಮಧ್ಯದ ದಿನದ ಬಳಿಕ ‘ಓವರ್‌ಲಿಥ್’ ಎಂಬ ಅಧಿಕದಿನವೊಂದು ಸೇರುತ್ತದೆ. ಶತಮಾನದ ಕಡೆಯ ವರ್ಷದಲ್ಲಿ ಮಾತ್ರ ಸೇರುವುದಿಲ್ಲ. ಹನ್ನೆರಡು ಮೂವತ್ತುಗಳ ಮೇಲೆ ಐದು ಎಂಬ ಈ ಲೆಕ್ಕವು ಪ್ರಾಚೀನ ಈಜಿಪ್ಟಿನಲ್ಲಿಯೂ ಇತ್ತು. ೧೭೯೩ರಲ್ಲಿ ಫ್ರೆಂಚ್ ಕ್ರಾಂತಿಕಾರರು ಜಾರಿಗೆ ತಂದ ಗಣನೆಯಲ್ಲಿಯೂ ಇತ್ತು. ಆದ ಕಾರಣ ಗಣಿತಾಂಶದಲ್ಲಿ ಟೋಲ್ಕೀನರಿಗೆ ಸ್ವಂತದ ಹೆಗ್ಗಳಿಕೆಯೇನೂ ಸಲ್ಲದು. ಅವರ ಪ್ರತಿಭೆಯನ್ನು ಬೇರೆಡೆಯಲ್ಲಿ ಹುಡುಕಬೇಕು.

ತಿಂಗಳುಗಳ ಹೆಸರಿನಲ್ಲಿ ಅದರ ಮೊದಲ ಸುಳಿವು ಸಿಕ್ಕುತ್ತದೆ. ‘ಸೊಲ್ಮಾತ್’, ‘ರೆಥೆ’, ‘ಥ್ರಿಮಿಜ್’, ‘ವೆಡ್‌ಮಾತ್’, ‘ವಿಂಟರ್‌ಫಿಲ್ತ್’, ‘ಬ್ಲಾಟ್‌ಮಾತ್’ ಮುಂತಾದ ಈ ಹೆಸರುಗಳು ಬರಿಯ ಕಲ್ಪನೆಯಲ್ಲ. ಬೀಡನೆಂಬ ಸಂನ್ಯಾಸಿಯು ಕ್ರಿ. ಶ. ೭೨೫ರಲ್ಲಿ ಲ್ಯಾಟಿನಿನಲ್ಲಿ ಬರೆದ ಕಾಲಗಣನೆಯ ಗ್ರಂಥವೊಂದರಲ್ಲಿ, ಆಂಗ್ಲಜನರು ಕ್ರೈಸ್ತರಾಗುವ ಮುನ್ನ ಬಳಸುತ್ತಿದ್ದ ತಿಂಗಳ ಹೆಸರುಗಳನ್ನು ಅರ್ಥಸಹಿತವಾಗಿ ದಾಖಲಿಸಿದ್ದಾನೆ. ಹಸುಗಳನ್ನು ದಿನಕ್ಕೆ ಮೂರು ಸಲ ಕರೆಯುತ್ತಿದ್ದುದರಿಂದ ಒಂದು ತಿಂಗಳಿಗೆ ‘ಥ್ರಿಮಿಲ್ಕಿ’ ಎಂದು ಹೆಸರಾಯಿತೆಂದೂ, ಚಳಿಗಾಲದ ಮೊದಲ ಹುಣ್ಣಿಮೆಯಿಂದ ಇನ್ನೊಂದಕ್ಕೆ ‘ವಿಂಟರ್‌ಫಿಲ್ಲೆತ್’ ಎಂದು ಹೆಸರಾಯಿತೆಂದೂ ಅವನು ಹೇಳುತ್ತಾನೆ. ಅದು ಚಾಂದ್ರಮಾನದ ಗಣನೆ. ಸೌರವರ್ಷದೊಡನೆ ಸರಿದೂಗಿಸುವುದಕ್ಕಾಗಿ ಅವರು ಕೆಲವು ವರ್ಷಗಳಲ್ಲಿ ನಡುಬೇಸಗೆಯ ‘ಲಿಥಾ’ ತಿಂಗಳನ್ನು ಮೂರನೆಯ ಸಲ ಎಣಿಸುತ್ತಿದ್ದರು. ನಮ್ಮ ಅಧಿಕಮಾಸವನ್ನು ಬಲ್ಲವರಿಗೆ ಈ ಉಪಾಯವನ್ನು ವಿವರಿಸಬೇಕಾಗಿಲ್ಲ. ಬೀಡನ ಮೂರು ಲಿಥಾ ಮಾಸಗಳೇ ಟೋಲ್ಕೀನರ ಕೈಯಲ್ಲಿ ಮೂರು ಲಿಥ್ ದಿನಗಳಾಗಿ ಕುಗ್ಗಿವೆಯೆಂದು ಊಹಿಸುವುದು ಅಯುಕ್ತವಾಗಲಾರದು.

ಚಂದ್ರನಿಂದ ಹುಟ್ಟಿದ ಹೆಸರುಗಳನ್ನು ಚಂದ್ರನ ಸಂಬಂಧವೇ ಇಲ್ಲದ ಸೌರಮಾಸಗಳಿಗೆ ಇಟ್ಟುದು ದೋಷವಲ್ಲವೇ ಎಂದು ಯಾರಾದರೂ ಕೇಳಬಹುದು. ದೋಷವಲ್ಲ, ಲೋಕದಲ್ಲಿ ನಡೆಯುವುದೇ ಹೀಗೆ. ಚೈತ್ರ ವೈಶಾಖಾದಿ ನಾಮಗಳು ಹುಣ್ಣಿಮೆಯಂದು ಚಂದ್ರನಿರುವ ನಕ್ಷತ್ರದಿಂದ ಬಂದವು. ಆದರೂ ೧೯೫೭ರ ಮಾರ್ಚ್ ೨೨ರಂದು ಜಾರಿಗೆ ಬಂದ ಭಾರತದ ರಾಷ್ಟ್ರೀಯ ಪಂಚಾಂಗದಲ್ಲಿ ಅವೇ ಹೆಸರುಗಳು ಸೌರಮಾಸಗಳಿಗೆ ನಿಂತಿವೆ. ಅರ್ಥವು ಸತ್ತ ಮೇಲೆಯೂ ಶಬ್ದವು ಬದುಕುವುದು ಭಾಷೆಯ ಸ್ವಭಾವ. ಭಾಷಾಶಾಸ್ತ್ರಜ್ಞರಾದ ಟೋಲ್ಕೀನರು ಇದನ್ನು ಬಲ್ಲವರಾದ್ದರಿಂದ ‘ವಿಂಟರ್‌ಫಿಲ್ತ್’ ಎಂಬ ಹೆಸರಿನ ಸುತ್ತ ನೆರೆಹೊರೆಯ ಜಗಳವೊಂದನ್ನೇ ಕಟ್ಟಿದ್ದಾರೆ. ಈಗಿನ ಇಂಗ್ಲಿಷಿನಲ್ಲಿ ‘ಫಿಲ್ತ್’ ಎಂದರೆ ಕೊಳೆ. ಪಕ್ಕದ ಬ್ರೀ ಊರಿನ ಹಾಬಿಟ್ಟರು ತಮ್ಮಲ್ಲಿ ಆ ತಿಂಗಳಿಗೆ ‘ವಿಂಟ್ರಿಂಗ್’ ಎನ್ನುತ್ತಾರೆ. ಷೈರಿನ ಹೆಸರನ್ನು ಹಿಡಿದು ಆ ನಾಡಿನ ಕೆಸರನ್ನು ಹಾಸ್ಯಮಾಡುತ್ತಾರೆ. ಷೈರಿನವರು ಬಿಟ್ಟಾರೆಯೇ? ತಮ್ಮದೇ ಹಳೆಯ ರೂಪವೆಂದೂ, ಹಿಂದೆ ಸುಗ್ಗಿಯ ಬಳಿಕ ಹೊಸವರ್ಷ ಬರುತ್ತಿದ್ದಾಗ ವರ್ಷವು ‘ತುಂಬುವುದು’ ಎಂಬ ಅರ್ಥದಲ್ಲಿ ಆ ಹೆಸರು ಹುಟ್ಟಿತೆಂದೂ, ಬ್ರೀ ಊರಿನವರೇ ಅದನ್ನು ಕೆಡಿಸಿದರೆಂದೂ ಉತ್ತರ ಹೇಳುತ್ತಾರೆ. ಒಂದು ಶಬ್ದದ ವ್ಯುತ್ಪತ್ತಿಗಾಗಿ ಎರಡು ಊರುಗಳು ಹೀಗೆ ಹಟಹಿಡಿದ ಮೇಲೆ, ಆ ಊರುಗಳು ಇದ್ದುವೆಂದು ನಂಬದಿರುವುದು ಕಷ್ಟ. ಒಬ್ಬನು ಕುಳಿತು ಮಾಡಿದ ಕೃತಿಯು ಅನೇಕರು ಬಹುಕಾಲ ಬಳಸಿ ಸವೆಸಿದ ವಸ್ತುವಿನಂತೆ ತೋರುವುದೇ ಇಲ್ಲಿಯ ಸಿದ್ಧಿ.

ಇನ್ನು ವಾರದ ವಿಷಯ. ವರ್ಷದ ೩೬೫ ದಿನಗಳನ್ನು ಏಳರಿಂದ ಭಾಗಿಸಿದರೆ ಒಂದು ಉಳಿಯುತ್ತದೆ. ಆದುದರಿಂದಲೇ ನಮ್ಮ ತಾರೀಖುಗಳ ವಾರವು ವರ್ಷವರ್ಷಕ್ಕೂ ಸರಿಯುತ್ತದೆ. ಎರಡನೆಯ ಐಸೆಂಗ್ರಿಮ್ ಎಂಬ ನಾಯಕನ ಕಾಲದಲ್ಲಿ ಹಾಬಿಟ್ಟರು ಈ ತೊಡಕನ್ನು ನಿವಾರಿಸಿದರಂತೆ. ವರ್ಷಮಧ್ಯದ ದಿನಕ್ಕೂ ಓವರ್‌ಲಿಥ್‌ಗೂ ಯಾವ ವಾರದ ಹೆಸರನ್ನೂ ಕೊಡಬಾರದೆಂದು ಗೊತ್ತುಮಾಡಿದರು. ಅಲ್ಲಿಂದ ಮುಂದೆ ಪ್ರತಿ ವರ್ಷವೂ ಶನಿವಾರ ಆರಂಭವಾಗಿ ಶುಕ್ರವಾರ ಮುಗಿಯಿತು. ಒಂದು ತಾರೀಖಿಗೆ ಎಂದೆಂದಿಗೂ ಒಂದೇ ವಾರ. ಕಾಗದಪತ್ರಗಳಲ್ಲಿ ವಾರವನ್ನು ಬರೆಯುವ ಗೋಜನ್ನೇ ಅವರು ಬಿಟ್ಟರು. ಊರೊಳಗೆ ಇದು ಸುಖವೆನಿಸಿತು. ಬ್ರೀ ಊರನ್ನು ದಾಟಿ ಹೋದವರಿಗೆ ಅಷ್ಟು ಸುಖವೆನಿಸಲಿಲ್ಲ ಎಂದು ಗ್ರಂಥಕರ್ತರು ಸೂಚಿಸುತ್ತಾರೆ. ಹೊರಜಗತ್ತಿನ ಗೊಡವೆಯಿಲ್ಲದೆ ಬಾಳಬಯಸುವ ಜನದ ಶೀಲವೆಲ್ಲವೂ ಈ ಒಂದು ಸುಧಾರಣೆಯಲ್ಲಿ ಅಡಗಿದೆ.

ಈ ಉಪಾಯವು ಟೋಲ್ಕೀನರ ಕಾಲದ ಲೋಕವ್ಯವಹಾರದಲ್ಲಿಯೂ ಚರ್ಚೆಗೆ ಬಂದಿತ್ತೆಂಬುದನ್ನು ಗಮನಿಸಬೇಕು. ವಾರವಿಲ್ಲದ ದಿನವೊಂದನ್ನು ಆಗಸ್ಟ್ ಕೋಂಟನು ೧೮೪೯ರಲ್ಲಿಯೇ ಸೂಚಿಸಿದ್ದನು. ೧೯೩೦ರಲ್ಲಿ ಎಲಿಸಬೆತ್ ಅಚೆಲಿಸ್ ಎಂಬ ಅಮೆರಿಕದ ಮಹಿಳೆಯು ‘ವಿಶ್ವ ಕ್ಯಾಲೆಂಡರ್’ ಎಂಬ ಯೋಜನೆಯ ಪ್ರಚಾರಕ್ಕೆ ಸಂಘವನ್ನು ಸ್ಥಾಪಿಸಿದಳು. ಅದರಲ್ಲಿ ವರ್ಷದ ಕಡೆಯ ದಿನಕ್ಕೂ, ಅಧಿಕವರ್ಷದಲ್ಲಿ ಜೂನ್ ತಿಂಗಳ ಕೊನೆಗೆ ಸೇರುವ ದಿನಕ್ಕೂ ವಾರದ ಹೆಸರಿಲ್ಲ. ಅಧಿಕದಿನವನ್ನು ವರ್ಷದ ನಡುವೆ ವಾರವಿಲ್ಲದೆ ಇಡುವುದರಲ್ಲಿ ಅದು ಷೈರಿನ ಕ್ರಮವನ್ನೇ ಹೋಲುತ್ತದೆ. ೧೯೩೧ರಲ್ಲಿ ರಾಷ್ಟ್ರಸಂಘವು ಜಿನೀವಾದಲ್ಲಿ ಪಂಚಾಂಗಸುಧಾರಣೆಯನ್ನು ಚರ್ಚಿಸಿತು. ೧೯೫೩ರಲ್ಲಿ ಭಾರತ ಸರ್ಕಾರವೇ ಈ ವಿಷಯವನ್ನು ವಿಶ್ವಸಂಸ್ಥೆಯ ಮುಂದೆ ತಂದಿತು. ಮರುವರ್ಷ ಮೇಘನಾದ ಸಹಾ ಅವರು ಜಿನೀವಾದಲ್ಲಿ ಅದರ ಪರವಾಗಿ ವಾದಿಸಿದರು. ಆದರೆ ಏಳು ದಿನಗಳ ಸರಪಣಿಯು ಎಂದೂ ಕಡಿಯಬಾರದೆಂಬುದು ಯೆಹೂದ್ಯರೇ ಮೊದಲಾದ ಧರ್ಮಾನುಯಾಯಿಗಳ ಶ್ರದ್ಧೆ. ಮುಖ್ಯವಾಗಿ ಈ ವಿರೋಧದಿಂದ ಯೋಜನೆಯು ೧೯೫೬ರಲ್ಲಿ ಮೂಲೆಗೆ ಬಿದ್ದಿತು. ರಾಷ್ಟ್ರಗಳು ಮಾಡಲಾರದೆ ಹೋದುದನ್ನು ಹಾಬಿಟ್ಟರು ಸದ್ದಿಲ್ಲದೆ ಮಾಡಿದರು. ಹೇಗೆಂದರೆ, ಅವರಿಗೆ ಸಬ್ಬತ್ತೂ ಇಲ್ಲ, ದೇವಾಲಯವೂ ಇಲ್ಲ. ಅವರ ವಾರದ ಪ್ರಧಾನ ದಿನ ಶುಕ್ರವಾರ, ಅಂದು ಮಧ್ಯಾಹ್ನದ ಮೇಲೆ ಬಿಡುವು, ಸಂಜೆ ಔತಣ, ಅಷ್ಟೇ.

ಇಲ್ಲಿ ಭಾರತೀಯ ವಾಚಕನಿಗೆ ಒಂದು ಕೊರತೆ ಕಾಣದಿರದು. ತಿಥಿ, ವಾರ, ನಕ್ಷತ್ರ, ಯೋಗ, ಕರಣಗಳೆಂಬ ಐದು ಅಂಗಗಳಲ್ಲಿ ಹಾಬಿಟ್ಟರ ಗಣನೆಗೆ ಇರುವುದು ವಾರವೊಂದೇ. ಇಂದು ಯಾವ ದಿನವೆಂದು ಮಾತ್ರವಲ್ಲದೆ, ಇಂದು ಯಾವ ಕಾರ್ಯಕ್ಕೆ ಯೋಗ್ಯವೆಂದೂ ನಮ್ಮ ಪಂಚಾಂಗವು ಹೇಳುತ್ತದೆ. ಷೈರಿನ ಗಣನೆಗೆ ಎರಡನೆಯ ಪ್ರಶ್ನೆಯೇ ತಿಳಿಯದು. ಅಲ್ಲಿ ಉಪವಾಸವಿಲ್ಲ, ಗ್ರಹಣದ ಅಂಜಿಕೆಯಿಲ್ಲ, ವರ್ಜ್ಯದಿನವಿಲ್ಲ. ಟೋಲ್ಕೀನರು ಸ್ವತಃ ನಿಷ್ಠಾವಂತರಾದ ಕ್ಯಾಥೊಲಿಕರು. ಆದರೂ ಈ ಲೋಕದಿಂದ ಪೂಜಾವಿಧಿಗಳನ್ನು ಬುದ್ಧಿಪೂರ್ವಕವಾಗಿ ತೆಗೆದುಹಾಕಿದುದಾಗಿ ೧೯೫೩ರ ಪತ್ರವೊಂದರಲ್ಲಿ ಅವರೇ ತಿಳಿಸಿದ್ದಾರೆ. ಭಯವಿಲ್ಲದ ಕಾಲವು ಅರ್ಧಕಾಲವೇ ಎಂದು ನಮಗೆ ತೋರುತ್ತದೆ. ಇದನ್ನು ಈ ರಚನೆಯ ನಿಜವಾದ ಮಿತಿಯೆಂದೇ ಎಣಿಸಬೇಕು.

ಆದರೆ ಅದೇ ವಾರಸುಧಾರಣೆಯಿಂದ ಹುಟ್ಟಿದ ಗಾದೆಯೊಂದು ಈ ಮಿತಿಯನ್ನು ಮರೆಸುವಷ್ಟು ಸೊಗಸಾಗಿದೆ. ಷೈರಿನ ಗಣನೆಯಲ್ಲಿ ಯಾವ ತಿಂಗಳೂ ಶುಕ್ರವಾರ ಆರಂಭವಾಗುವುದಿಲ್ಲ. ಲೆಕ್ಕಹಾಕಿ ನೋಡಿದವರಿಗೆ ಇದು ನಿಜವೆಂದು ತಿಳಿಯುವುದು. ಆದಕಾರಣ ‘ಒಂದನೆಯ ತಾರೀಖಿನ ಶುಕ್ರವಾರ’ ಎಂದರೆ ಎಂದೂ ಬಾರದ ದಿನ; ಹಂದಿಗಳು ಹಾರುವುದು, ಮರಗಳು ನಡೆಯುವುದು ಮುಂತಾದ ಅಸಂಭವಗಳು ನಡೆಯತಕ್ಕ ದಿನ. ನಮ್ಮ ತಾರ್ಕಿಕರಿಗೆ ಮೊಲದ ಕೊಂಬು, ಬಂಜೆಯ ಮಗ, ಆಕಾಶಕುಸುಮಗಳೆಂಬ ಅಸಂಭವವಸ್ತುಗಳುಂಟು. ಹಾಬಿಟ್ಟರಿಗೆ ಅಸಂಭವದಿನವೊಂದು ಉಂಟು. ಸುಧಾರಣೆಯೊಂದು ಜನದ ನಾಲಗೆಯ ಮೇಲೆ ಹಾಸ್ಯವಾಗಿ ಇಳಿಯುವವರೆಗೆ ಅದು ಜನದ್ದಾಗುವುದಿಲ್ಲ. ಫ್ರೆಂಚ್ ಕ್ರಾಂತಿಯ ಗಣನೆಗೆ ಫಾಬ್ರ್ ದೆಗ್ಲಾಂಟೀನ್ ಎಂಬ ಕವಿಯೇ ಸೊಗಸಾದ ಮಾಸನಾಮಗಳನ್ನು ಕಟ್ಟಿಕೊಟ್ಟನು. ಆದರೂ ಹತ್ತು ದಿನಗಳ ವಾರವು ಜನಕ್ಕೆ ಒಗ್ಗಲಿಲ್ಲ, ೧೮೦೬ರ ಆರಂಭದಿಂದ ಆ ಗಣನೆ ರದ್ದಾಯಿತು. ಷೈರಿನ ಗಣನೆ ಜನದಲ್ಲಿ ಬೇರುಬಿಟ್ಟಿದೆಯೆಂಬುದಕ್ಕೆ ಈ ಗಾದೆಯೇ ಪ್ರಮಾಣ.

ಈ ಗಾದೆಯನ್ನು ಕಥೆಯೊಡನೆ ಇಟ್ಟು ನೋಡಬೇಕು. ಗ್ರಂಥದ ಎರಡನೆಯ ಅಧ್ಯಾಯದಲ್ಲಿ, ನಡೆಯುವ ಮರದಂತಹ ಪುರುಷನೊಬ್ಬನನ್ನು ತನ್ನ ಬಂಧು ಕಂಡನೆಂದು ಫ್ರೋಡೋವಿನ ತೋಟಗಾರನಾದ ಸ್ಯಾಮನು ಹೋಟೆಲಿನಲ್ಲಿ ಹೇಳುತ್ತಾನೆ; ಕೇಳಿದವರು ನಗುತ್ತಾರೆ. ಎರಡನೆಯ ಸಂಪುಟದಲ್ಲಿ ಮರದಂತೆಯೇ ಇರುವ ವೃಕ್ಷಪಾಲರು ಪ್ರತ್ಯಕ್ಷರಾಗುತ್ತಾರೆ; ಮೂರು ದಿನ ಸಭೆ ನಡೆಸಿ ಐಸೆನ್‌ಗಾರ್ಡ್ ಕೋಟೆಯ ಮೇಲೆ ದಂಡೆತ್ತಿ ಹೊರಡುತ್ತಾರೆ; ಹಿಂದಿರುಗಿ ನೋಡಿದ ಹಾಬಿಟ್ ತರುಣನೊಬ್ಬನಿಗೆ ತೋಪುಗಳೇ ಚಲಿಸುತ್ತಿರುವಂತೆ ಕಾಣುತ್ತದೆ. ಗ್ರಂಥದ ಘಟನಾವಳಿಯಂತೆ ಆ ಸಭೆ ಆರಂಭವಾದುದು ಫೆಬ್ರವರಿ ೩೦ರಂದು. ನಮ್ಮ ಕ್ಯಾಲೆಂಡರಿನಲ್ಲಿ ಅಂತಹ ದಿನವೇ ಇಲ್ಲ. ಷೈರಿನಲ್ಲಿ ಎಲ್ಲ ತಿಂಗಳಿಗೂ ಮೂವತ್ತು ದಿನವಾದುದರಿಂದ ಅಲ್ಲಿ ಉಂಟು. ದಂಡು ಹೊರಟುದು ಮಾರ್ಚ್ ೨ರಂದು. ಷೈರಿನ ಕೋಷ್ಟಕದಂತೆ ಮಾರ್ಚ್ ೧ ಯಾವಾಗಲೂ ಗುರುವಾರ, ೨ ಯಾವಾಗಲೂ ಶುಕ್ರವಾರ. ಎಂದರೆ ಮರಗಳು ನಡೆದುದು ಶುಕ್ರವಾರವೇ. ಆದರೆ ಒಂದನೆಯ ತಾರೀಖಿನಂದಲ್ಲ, ಎರಡರಂದು. ಗಾದೆಯ ಅಸಂಭವದಿನಕ್ಕೂ ನಡೆದ ಸತ್ಯಕ್ಕೂ ಒಂದೇ ದಿನದ ಅಂತರ. ಗ್ರಂಥಕರ್ತರು ಇದನ್ನು ಉದ್ದೇಶಿಸಿದ್ದರೆಂದು ಸಾಧಿಸುವುದು ನಮ್ಮ ಪಕ್ಷವಲ್ಲ. ಕೋಷ್ಟಕವು ಕಥೆಯೊಡನೆ ಹೊಂದಿಕೊಂಡಿದೆಯಾದ್ದರಿಂದ ಇಂತಹ ಧ್ವನಿಗಳು ತಾವಾಗಿ ಏಳುತ್ತವೆಂಬುದಷ್ಟೇ ನಮ್ಮ ಹೇಳಿಕೆ.

ಈ ಹೊಂದಿಕೆ ಸುಲಭವಾಗಿ ದೊರೆತುದಲ್ಲ. ಕಥೆಯ ಬೇರೆಬೇರೆ ಎಳೆಗಳಲ್ಲಿ ಚಂದ್ರನು ಒಂದು ಕಡೆ ಉದಯಿಸುತ್ತಿರುವಾಗಲೇ ಇನ್ನೊಂದು ಕಡೆ ಮುಳುಗುತ್ತಿದ್ದನೆಂಬ ತಪ್ಪನ್ನು ಟೋಲ್ಕೀನರು ತಾವೇ ಕಂಡುಹಿಡಿದು, ತಿದ್ದುವುದಕ್ಕಾಗಿ ಹಿಂದಿನ ಅಧ್ಯಾಯಗಳನ್ನು ಮತ್ತೆ ಬರೆಯಬೇಕಾಯಿತೆಂದು ೧೯೪೪ರಲ್ಲಿ ಮಗ ಕ್ರಿಸ್ಟೊಫರನಿಗೆ ತಿಳಿಸಿದ್ದಾರೆ. ಲೊಥ್ಲೋರಿಯೆನ್ ಎಂಬ ಎಲ್ಫರ ವನದಲ್ಲಿ ಪಯಣಿಗರು ಜನವರಿ ೧೭ರಿಂದ ಫೆಬ್ರವರಿ ೧೬ರವರೆಗೆ ತಂಗುತ್ತಾರೆ. ಹೊರಬಂದ ಮೇಲೆ ಸ್ಯಾಮನು ಎಳೆಯ ಚಂದ್ರನನ್ನು ಕಂಡು, ತಾನು ಎಣಿಸಿದ ದಿನಗಳಿಗೆ ಅದು ತಾಳೆಯಾಗದೆ ಬೆರಗಾಗುತ್ತಾನೆ. ಮರಣವಿಲ್ಲದ ಎಲ್ಫರ ‘ಯೇನ್’ ಎಂಬ ದೀರ್ಘವರ್ಷವು ನಮ್ಮ ೧೪೪ ವರ್ಷಗಳಿಗೆ, ಎಂದರೆ ೫೨,೫೯೬ ದಿನಗಳಿಗೆ ಸಮ. ಅವರ ಸೌರವರ್ಷಕ್ಕೆ ಬೆಳವಣಿಗೆಯೆಂಬ ಅರ್ಥದ ಹೆಸರು. ಅದರಲ್ಲಿ ನಮ್ಮಂತೆಯೇ ಆರು ಋತುಗಳು. ಆದರೆ ನಾಲ್ಕಕ್ಕೆ ೫೪ ದಿನ, ಎರಡಕ್ಕೆ ೭೨ ದಿನ. ಬದುಕಿನ ಅಳತೆ ಬೇರೆಯಾದಾಗ ಕಾಲದ ಅಳತೆಯೂ ಬೇರೆಯಾಗಬೇಕೆಂಬ ಔಚಿತ್ಯವನ್ನು ಇಲ್ಲಿ ಕಾಣಬಹುದು.

ಇನ್ನು ಮುಖ್ಯವಿಚಾರಕ್ಕೆ ಬರೋಣ. ಮಾರ್ಚ್ ೨೫ರಂದು ಉಂಗುರವು ನಾಶವಾಯಿತು, ವೈರಿಯ ಕೋಟೆ ಬಿದ್ದಿತು. ಪಟ್ಟಕ್ಕೆ ಬಂದ ಹೊಸ ಅರಸನು ಅಂದೇ ವರ್ಷಾರಂಭವಾಗತಕ್ಕದ್ದೆಂದು ಹೊಸ ಗಣನೆಯನ್ನು ಸ್ಥಾಪಿಸಿದನು. ಇಂಗ್ಲೆಂಡಿನಲ್ಲಿ ೧೭೫೨ಕ್ಕೆ ಮೊದಲು ಕಾನೂನಿನ ವರ್ಷವು ಮಾರ್ಚ್ ೨೫ರಂದೇ ಆರಂಭವಾಗುತ್ತಿತ್ತು. ಅದು ಕ್ರೈಸ್ತರಿಗೆ ದೇವದೂತನು ಮೇರಿಗೆ ಶುಭವಾರ್ತೆಯನ್ನು ತಿಳಿಸಿದ ಹಬ್ಬದ ದಿನ. ಕ್ರಿಸ್ತನ ಮರಣದ ದಿನವೂ ಅದೇ ಎಂಬುದು ಹಳೆಯ ನಂಬಿಕೆ. ಈ ಸಂಬಂಧವನ್ನು ಟಾಮ್ ಷಿಪ್ಪಿಯವರು ೧೯೮೨ರ ತಮ್ಮ ಗ್ರಂಥದಲ್ಲಿ ಎತ್ತಿತೋರಿಸಿದ್ದಾರೆ. ಅದರ ಜೊತೆಗೆ, ಫ್ರೋಡೋವಿನ ಜನ್ಮದಿನವಾದ ಸೆಪ್ಟೆಂಬರ್ ೨೨ನ್ನು ಹೊಸ ಗಣನೆಯಲ್ಲಿ ಹಬ್ಬವನ್ನಾಗಿ ಮಾಡಿ, ಅಧಿಕವರ್ಷದಲ್ಲಿ ಆ ದಿನವನ್ನೇ ಎರಡು ಸಲ ಎಣಿಸಿದರು. ಲೋಕವು ಒಬ್ಬ ಹಾಬಿಟ್ಟನಿಗೆ ಕಾಲದಲ್ಲಿಯೇ ಸ್ಮಾರಕವನ್ನು ಕಟ್ಟಿತು.

ಅವನ ಸ್ವಂತ ನಾಡಾದ ಷೈರ್ ಏನು ಮಾಡಿತು? ಅದು ಹೊಸ ಗಣನೆಯನ್ನು ಒಪ್ಪಲಿಲ್ಲ. ತನ್ನ ಪೂರ್ವಿಕರು ಬ್ರಾಂಡಿವೈನ್ ನದಿಯನ್ನು ದಾಟಿಬಂದ ವರ್ಷದಿಂದ ಎಣಿಸುತ್ತ ಬಂದ ಹಳೆಯ ಲೆಕ್ಕವನ್ನೇ ಮುಂದುವರಿಸಿತು. ಮಾರ್ಚ್ ೨೫ರಂದು ಅಲ್ಲಿ ಯಾವ ಹಬ್ಬವೂ ಇಲ್ಲ. ಫ್ರೋಡೋವಿನ ಊರಾದ ಹಾಬಿಟನ್ನಿನ ಸುತ್ತಮುತ್ತ ಏಪ್ರಿಲ್ ೬ರಂದು ಜನ ಕೂಡಿ ಕುಣಿಯುವ ರೂಢಿಯಾಯಿತು. ಏಕೆಂದು ಕೇಳಿದರೆ, ಅದು ತೋಟಗಾರ ಸ್ಯಾಮನ ಜನ್ಮದಿನವೆಂದು ಕೆಲವರು; ೧೪೨೦ರಲ್ಲಿ ಹೊಂಬಣ್ಣದ ಮರವು ಮೊದಲು ಹೂಬಿಟ್ಟ ದಿನವೆಂದು ಕೆಲವರು; ಎಲ್ಫರ ಹೊಸವರ್ಷವೆಂದು ಮತ್ತೆ ಕೆಲವರು. ಬಕ್‌ಲೆಂಡಿನಲ್ಲಿ ನವೆಂಬರ್ ೨ರ ಸಂಜೆ ಕೊಂಬನ್ನೂದಿ ಬೆಂಕಿಹಾಕಿ ಹಬ್ಬ ಮಾಡುತ್ತಾರೆ. ಏಕೆಂದರೆ ಷೈರನ್ನು ಆಕ್ರಮಿಸಿದ್ದ ದುಷ್ಟರ ವಿರುದ್ಧ ಜನವನ್ನು ಎಬ್ಬಿಸಿದ ಕೊಂಬು ಅಂದು ಕೂಗಿತ್ತು. ತಮ್ಮ ಕಣ್ಣೆದುರು ಹೂಬಿಟ್ಟ ಮರ, ತಮ್ಮ ಕಿವಿಗೆ ಬಿದ್ದ ಕೊಂಬು, ಇವು ನೆನಪಿನಲ್ಲಿ ನಿಂತವು. ದೂರದ ಬೆಟ್ಟದಲ್ಲಿ ಒಬ್ಬನು ಪಟ್ಟ ಪಾಡು ನಿಲ್ಲಲಿಲ್ಲ.

ಫ್ರೋಡೋವಿಗೆ ಸ್ವಂತ ನಾಡಿನಲ್ಲಿ ದೊರೆತ ಗೌರವ ಎಷ್ಟು ಸ್ವಲ್ಪವೆಂಬುದನ್ನು ಕಂಡು ಸ್ಯಾಮನು ನೊಂದುದನ್ನು ಕಥೆಯು ಒಂದು ಮಾತಿನಲ್ಲಿ ಹೇಳಿ ಮುಂದೆ ಸಾಗುತ್ತದೆ. ಆ ಮಾತಿನ ಪೂರ್ಣ ಪರಿಣಾಮವು ಕಾಣುವುದು ಕಾಲಗಣನೆಯ ಅನುಬಂಧದಲ್ಲಿ. ಕಥೆಯು ತಿಳಿಸಿದುದು ಒಂದು ತಲೆಮಾರಿನ ಉದಾಸೀನ. ಕೋಷ್ಟಕವು ತಿಳಿಸುವುದು ಅದು ಪರಂಪರೆಯಾಗಿ ನಿಂತುದು. ಆದರೆ ಅಲ್ಲಿ ನಿಂದೆಯ ಮಾತೊಂದೂ ಇಲ್ಲ. ಉಳಿದವರು ನಿಶ್ಚಿಂತೆಯಿಂದ ಮರೆತಿರಲೆಂದೇ ಒಬ್ಬನು ಹೊರೆಯನ್ನು ಹೊತ್ತಿದ್ದನಾದರೆ, ಅವರ ಮರೆವೇ ಅವನ ಕಾರ್ಯದ ಸಿದ್ಧಿಯಲ್ಲವೇ? ಈ ಪ್ರಶ್ನೆಯನ್ನು ಎಬ್ಬಿಸಿ ಉತ್ತರವನ್ನು ವಾಚಕನಿಗೆ ಬಿಡುವ ಬರಹವನ್ನು ಪಂಡಿತನ ವಿನೋದವೆಂದು ತಳ್ಳಿಹಾಕಲಾಗದು.

ಒಂದು ಆಕ್ಷೇಪಕ್ಕೆ ಮಾತ್ರ ನಮ್ಮಲ್ಲಿ ಪೂರ್ಣ ಸಮಾಧಾನವಿಲ್ಲ. ಲಿಥ್, ಯೂಲ್ ಎಂಬಂತಹ ಒಂದೆರಡು ಹೆಸರುಗಳನ್ನು ಬಿಟ್ಟರೆ, ಕಥೆಯ ಒಡಲಲ್ಲಿ ಟೋಲ್ಕೀನರು ಸೆಪ್ಟೆಂಬರ್, ಮಾರ್ಚ್ ಎಂಬ ನಮ್ಮ ಪರಿಚಯದ ಹೆಸರುಗಳನ್ನೇ ಬಳಸಿದ್ದಾರೆ. ತಾವು ಹಳೆಯ ಗ್ರಂಥವೊಂದರ ಅನುವಾದಕರು ಮಾತ್ರವೆಂಬುದು ಅದಕ್ಕೆ ಅವರ ನೆಪ. ಇದರಿಂದ ಓದು ಸುಗಮವಾಯಿತು, ನಿಜ. ಆದರೆ ಇಷ್ಟು ಜೀವಂತವಾದ ಮಾಸನಾಮಗಳು ಪಾತ್ರಗಳ ಬಾಯಲ್ಲಿ ಒಮ್ಮೆಯೂ ಕೇಳಿಬರದೆ ಕೋಷ್ಟಕದಲ್ಲಿಯೇ ಉಳಿದುವು. ಅನುಬಂಧವನ್ನು ತೆರೆಯದ ವಾಚಕನಿಗೆ ಅವು ಇಲ್ಲದಂತೆಯೇ ಸರಿ. ಈ ನಷ್ಟವನ್ನು ಒಪ್ಪಿಕೊಂಡೇ ಹೇಳಬೇಕಾದುದು ಇಷ್ಟು: ಕಲ್ಪಿತ ಕಾಲಗಣನೆಯು ನಂಬಿಕೆಗೆ ಪಾತ್ರವಾಗುವುದು ಅಂಕಗಣಿತದ ಶುದ್ಧಿಯಿಂದಲ್ಲ. ಅದನ್ನು ಬಳಸಿದ ಜನ ಏನನ್ನು ಹಾಸ್ಯ ಮಾಡಿದರು, ಯಾವುದಕ್ಕಾಗಿ ಜಗಳವಾಡಿದರು, ಯಾವುದನ್ನು ಮರೆತರು ಎಂಬುದು ಅದರಲ್ಲಿ ಉಳಿದಿದ್ದರೆ ಅದು ಕಾವ್ಯದ ಅಂಗ. ಇಲ್ಲವಾದರೆ ಬರಿಯ ಅಂಕೆಗಳ ಪಟ್ಟಿ. ಟೋಲ್ಕೀನರ ಕೋಷ್ಟಕದಲ್ಲಿ ಈ ಮೂರೂ ಉಳಿದಿವೆ. ಕಥೆಯನ್ನು ಪಾಠ ಹೇಳುವವರು ಅನುಬಂಧವನ್ನು ಬಿಟ್ಟು ಮುಗಿಸಿದರೆ, ಫ್ರೋಡೋವಿನ ಕಥೆಯ ಕೊನೆಯ ಅಧ್ಯಾಯವನ್ನೇ ಬಿಟ್ಟಂತಾಗುವುದು.